ಡೆಸ್ಕ್‌ಟಾಪ್ ನಿಗಾ ತಂತ್ರಾಂಶವನ್ನು ಆರಿಸುವ ಮುನ್ನ ಅದರ ಲೈಬ್ರರಿ ಕಡತಗಳನ್ನು ನೋಡಿ

ಬೆಂಗಳೂರಿನ ಚಾಮರಾಜಪೇಟೆಯ ಒಂದು ಸಣ್ಣ ತರಬೇತಿ ಕೇಂದ್ರದ 22 ಕಂಪ್ಯೂಟರುಗಳನ್ನು ನೋಡಿಕೊಳ್ಳುವುದು ನನ್ನ ಕೆಲಸ. ಅವುಗಳಲ್ಲಿ ಬಹುಪಾಲು ಎಸ್.ಪಿ. ರಸ್ತೆಯಲ್ಲಿ ಕೊಂಡ ಸೆಕೆಂಡ್ ಹ್ಯಾಂಡ್ ಯಂತ್ರಗಳು. 2025ರ ಅಕ್ಟೋಬರ್ 14ಕ್ಕೆ ವಿಂಡೋಸ್ 10ರ ಬೆಂಬಲ ಮುಗಿದಾಗ, ವಿಂಡೋಸ್ 11 ಕೇಳುವ ಟಿಪಿಎಂ 2.0 ಎಂಬ ಭದ್ರತಾ ಚಿಪ್ಪು ಇಲ್ಲದ ಯಂತ್ರಗಳನ್ನೆಲ್ಲ ಉಬುಂಟು ಎಂಬ ಲಿನಕ್ಸ್ ವ್ಯವಸ್ಥೆಗೆ ತಂದೆವು. ಮೊದಲೇ ಉಬುಂಟು 22.04 ಇದ್ದ ಆರು ಯಂತ್ರಗಳನ್ನು ಅದೇ ವಾರ 24.04ಕ್ಕೆ ಏರಿಸಿದೆವು, ನಾಲ್ಕು ಮಾತ್ರ ವಿಂಡೋಸ್‌ನಲ್ಲೇ ಉಳಿದವು. ಹಳೆಯ ಯಂತ್ರಗಳೆಂದ ಮೇಲೆ ಫ್ಯಾನಿಗೆ ಧೂಳು ಕಟ್ಟುತ್ತದೆ, ಥರ್ಮಲ್ ಪೇಸ್ಟ್ ಒಣಗಿರುತ್ತದೆ, ಮಾರ್ಚ್ ಕಳೆಯುವ ಹೊತ್ತಿಗೆ ಮಧ್ಯಾಹ್ನದ ತರಗತಿಯಲ್ಲಿ ಒಂದೆರಡು ಯಂತ್ರಗಳು ತಾವಾಗಿಯೇ ಆರಿಹೋಗುತ್ತವೆ. ಆದ್ದರಿಂದ ಪ್ರೊಸೆಸರ್ ಎಷ್ಟು ಬಿಸಿಯಾಗಿದೆ, ಮೆಮೊರಿ ಎಷ್ಟು ತುಂಬಿದೆ, ಯಾವ ಪ್ರೋಗ್ರಾಂ ಹೆಚ್ಚು ಹೊತ್ತು ಓಡುತ್ತಿದೆ ಎಂಬುದನ್ನು ತೋರಿಸುವ ನಿಗಾ ತಂತ್ರಾಂಶ ನಮ್ಮಲ್ಲಿ ಪ್ರತಿ ಪರದೆಯ ಮೂಲೆಯಲ್ಲೂ ಇರಲೇಬೇಕು.

24.04ಕ್ಕೆ ಏರಿಸಿದ ಮಾರನೆಯ ಬೆಳಿಗ್ಗೆ ಆ ಆರೂ ಯಂತ್ರಗಳಲ್ಲಿ ಆ ಮೂಲೆ ಖಾಲಿಯಾಗಿತ್ತು. ನಮ್ಮ ಹಳೆಯ ವಿದ್ಯಾರ್ಥಿಯೊಬ್ಬ ಸಿ ಭಾಷೆಯಲ್ಲಿ ಬರೆದುಕೊಟ್ಟಿದ್ದ ಪುಟ್ಟ ಫಲಕ ಅಲ್ಲಿ ಇರಬೇಕಿತ್ತು. ಟರ್ಮಿನಲ್‌ನಲ್ಲಿ ಅದನ್ನು ಓಡಿಸಿದಾಗ ಬಂದದ್ದು ಒಂದೇ ಸಾಲು: ಲಿಬ್‌ಪ್ರೊಕ್‌ಪಿಎಸ್.ಎಸ್‌ಒ.8 ಎಂಬ ಹಂಚಿಕೆಯ ಕಡತವನ್ನು ತೆರೆಯಲಾಗಲಿಲ್ಲ, ಅಂಥ ಕಡತವೇ ಇಲ್ಲ. ಹಲವು ತಂತ್ರಾಂಶಗಳು ಹಂಚಿಕೊಂಡು ಬಳಸುವ ಇಂಥ ಸಿದ್ಧ ಕೋಡಿನ ಕಡತವೇ ಲೈಬ್ರರಿ; ಲಿನಕ್ಸ್‌ನಲ್ಲಿ ಅದರ ಹೆಸರಿನಲ್ಲಿ ಎಸ್‌ಒ, ವಿಂಡೋಸ್‌ನಲ್ಲಿ ಡಿಎಲ್‌ಎಲ್ ಎಂದಿರುತ್ತದೆ. ಜೊತೆಯಲ್ಲಿದ್ದ ಹುಡುಗ ಕೇಳಿದ: "ಸರ್, ಹೊಸದು ಲಿಬ್‌ಪ್ರೊಕ್2 ಅಂತ ಬಂದಿದೆಯಲ್ಲ, ಅದಕ್ಕೇ ಹಳೇ ಹೆಸರಲ್ಲಿ ಒಂದು ಲಿಂಕ್ ಹಾಕಿಬಿಟ್ರೆ ಆಗಲ್ವಾ?" ಒಂದು ಯಂತ್ರದಲ್ಲಿ ಹಾಗೆಯೇ ಮಾಡಿ ನೋಡಿದೆವು. ದೂರು ಬದಲಾಯಿತು, ಅಷ್ಟೆ. ಈಗ ಕಡತ ಸಿಕ್ಕಿತು, ಆದರೆ ಫಲಕಕ್ಕೆ ಬೇಕಾದ ಆವೃತ್ತಿಯ ಗುರುತು ಅದರೊಳಗೆ ಇಲ್ಲವೆಂದು, ಲೈಬ್ರರಿಯನ್ನು ತಂತ್ರಾಂಶಕ್ಕೆ ಜೋಡಿಸುವ ಲಿಂಕರ್ ನಿಂತುಬಿಟ್ಟಿತು.

ಅದು ನಿಂತದ್ದೇ ಒಳ್ಳೆಯದಾಯಿತು. ಪ್ರೊಕ್‌ಪಿಎಸ್‌ನ (ಆ ಲೈಬ್ರರಿಯನ್ನು ಹೊರತರುವ ಯೋಜನೆಯ) 4.0 ಆವೃತ್ತಿಯಲ್ಲಿ ಅದನ್ನು ಬುಡದಿಂದ ಹೊಸದಾಗಿ ಬರೆದಿದ್ದಾರೆ. ಹಳೆಯ ಲೈಬ್ರರಿಯಲ್ಲಿದ್ದ ಓಪನ್‌ಪ್ರೊಕ್, ರೀಡ್‌ಪ್ರೊಕ್ ಎಂಬ ಫಂಕ್ಷನ್‌ಗಳು ಹೊಸದರಲ್ಲಿ ಇಲ್ಲವೇ ಇಲ್ಲ. ಹೆಸರನ್ನು ಬದಲಿಸಿದ ಕಾರಣವೇ ಅದು. ಅಂದಿನಿಂದ ನಾನು ನಿಗಾ ತಂತ್ರಾಂಶವನ್ನು ತೂಗುವ ತಕ್ಕಡಿ ಬದಲಾಯಿತು. ಗ್ರಾಫ್ ಎಷ್ಟು ಅಂದವಾಗಿದೆ ಎಂದು ಕೊನೆಗೆ ನೋಡುತ್ತೇನೆ. ಮೊದಲು ನೋಡುವುದು ಅದು ಯಾವ ಲೈಬ್ರರಿ ಕಡತದ ಮೇಲೆ ನಿಂತಿದೆ, ಆ ಕಡತವನ್ನು ಕಾಲಕಾಲಕ್ಕೆ ಹೊಸದಾಗಿಡುವ ಹೊಣೆ ಯಾರದು ಎಂಬುದನ್ನು. ಕೆಳಗಿನ ಹೋಲಿಕೆಯೆಲ್ಲ ಈ ಎರಡು ಪ್ರಶ್ನೆಗಳನ್ನು ಹಿಡಿದೇ ಸಾಗುತ್ತದೆ. ನೌಕರರ ಪರದೆಯನ್ನು ಮಾಲೀಕರು ಕದ್ದು ನೋಡುವ ತಂತ್ರಾಂಶಗಳನ್ನೂ ಕೆಲವರು ನಿಗಾ ತಂತ್ರಾಂಶವೆನ್ನುತ್ತಾರೆ. ಅವುಗಳ ಮಾತು ಇಲ್ಲಿಲ್ಲ. ಯಂತ್ರದ ಆರೋಗ್ಯ ನೋಡುವ ತಂತ್ರಾಂಶಗಳಷ್ಟೇ ಇಲ್ಲಿನ ವಿಷಯ.

ಅಂಕಿಗಳು ಎಲ್ಲಿಂದ ಬರುತ್ತವೆ

ಲಿನಕ್ಸ್‌ನಲ್ಲಿ ಎಲ್ಲ ಅಂಕಿಗಳ ಮೂಲ ಕರ್ನಲ್, ಅಂದರೆ ಹಾರ್ಡ್‌ವೇರನ್ನು ನೇರವಾಗಿ ನಿಭಾಯಿಸುವ ವ್ಯವಸ್ಥೆಯ ತಿರುಳು. ಅದು ಪ್ರೊಕ್ ಮತ್ತು ಸಿಸ್ ಎಂಬ ಎರಡು ಕೋಶಗಳಲ್ಲಿ, ಅಂದರೆ ಫೋಲ್ಡರುಗಳಲ್ಲಿ, ಯಂತ್ರದ ಸ್ಥಿತಿಯನ್ನು ಕಡತಗಳ ರೂಪದಲ್ಲಿ ತೆರೆದಿಡುತ್ತದೆ. ಪ್ರೊಕ್‌ನಲ್ಲಿರುವ ಸ್ಟ್ಯಾಟ್ ಕಡತದ ಮೊದಲ ಸಾಲಿನಲ್ಲಿ ಪ್ರೊಸೆಸರ್ ಯಾವ ಕೆಲಸಕ್ಕೆ ಎಷ್ಟು ಹೊತ್ತು ಕಳೆದಿದೆ ಎಂಬ ಲೆಕ್ಕವು ಸಾಮಾನ್ಯವಾಗಿ ಸೆಕೆಂಡಿನ ನೂರನೆಯ ಒಂದು ಭಾಗದ ಘಟಕದಲ್ಲಿ ಇರುತ್ತದೆ. ಯಂತ್ರ ಹೊತ್ತಿಕೊಂಡಾಗಿನಿಂದ ಕೂಡುತ್ತ ಬಂದ ಮೊತ್ತ ಅದು. ಪರದೆಯ ಮೇಲೆ ನಾವು ನೋಡುವ ಶೇಕಡಾವಾರು ಅಂಕಿ ಬರುವುದು ಆ ಸಾಲನ್ನು ಎರಡು ಸಲ ಓದಿ ಕಳೆದಾಗ. ಉಷ್ಣಾಂಶ ಸಿಸ್ ಕೋಶದ ಎಚ್‌ಡಬ್ಲ್ಯೂಮಾನ್ ಎಂಬ ಭಾಗದಲ್ಲಿ ಸಿಗುತ್ತದೆ. ಅಲ್ಲಿನ ಟೆಂಪ್1 ಇನ್‌ಪುಟ್ ಕಡತವನ್ನು ತೆರೆದರೆ 54000 ಎಂಬ ಒಂಟಿ ಸಂಖ್ಯೆ ಕಾಣುತ್ತದೆ; ಅದು ಡಿಗ್ರಿಯ ಸಾವಿರದ ಒಂದು ಭಾಗಗಳಲ್ಲಿರುವ ಲೆಕ್ಕ, ಅಂದರೆ 54 ಡಿಗ್ರಿ ಸೆಲ್ಸಿಯಸ್.

ಈ ಕಡತಗಳನ್ನು ಓದಿ, ಅರ್ಥ ಮಾಡಿಕೊಂಡು, ಮೇಲಿನ ತಂತ್ರಾಂಶಕ್ಕೆ ಹದವಾಗಿ ಒಪ್ಪಿಸುವುದೇ ಲೈಬ್ರರಿಯ ಕೆಲಸ. ಗ್ನೋಮ್ ಸಿಸ್ಟಮ್ ಮಾನಿಟರ್ ಮತ್ತು ಮಾಟೆ ಡೆಸ್ಕ್‌ಟಾಪಿನ ಸಿಸ್ಟಮ್ ಮಾನಿಟರ್ ಇದಕ್ಕಾಗಿ ಲಿಬ್‌ಜಿಟಾಪ್ ಅನ್ನು ನೆಚ್ಚಿಕೊಂಡಿವೆ. ಟಾಪ್, ಪಿಎಸ್, ಫ್ರೀ ಮೊದಲಾದ ಆಜ್ಞೆಗಳು ಈ ಹಿಂದೆ ಹೇಳಿದ ಪ್ರೊಕ್‌ಪಿಎಸ್ ಲೈಬ್ರರಿಯನ್ನು ಬಳಸುತ್ತವೆ. ಉಷ್ಣಾಂಶ, ಫ್ಯಾನಿನ ವೇಗ, ವೋಲ್ಟೇಜ್ ಓದುವುದಕ್ಕೆ ಎಲ್‌ಎಂ-ಸೆನ್ಸರ್ಸ್ ಯೋಜನೆಯ ಲಿಬ್‌ಸೆನ್ಸರ್ಸ್ ಇದೆ. ಕೆಡಿಇ ಪ್ಲಾಸ್ಮಾ ಎಂಬ ಡೆಸ್ಕ್‌ಟಾಪಿನಲ್ಲಿ ಲಿಬ್‌ಕೆಸಿಸ್‌ಗಾರ್ಡ್ ಇದೆ. ಹಳೆಯ ಕೆಸಿಸ್‌ಗಾರ್ಡ್‌ನ ಜಾಗಕ್ಕೆ 2021ರಲ್ಲಿ ಪ್ಲಾಸ್ಮಾ 5.21ರೊಂದಿಗೆ ಬಂದ ಪ್ಲಾಸ್ಮಾ ಸಿಸ್ಟಮ್ ಮಾನಿಟರ್ ಕೂಡ ಅದರ ಮೇಲೆಯೇ ನಿಂತಿದೆ.

ಡಿಸ್ಟ್ರೋ ಕೊಡುವ ಹಂಚಿಕೆಯ ಕಡತಗಳು

ದಿನವೂ ಬಳಸುವ ಯಂತ್ರಕ್ಕೆ ನನ್ನ ಮೊದಲ ಆಯ್ಕೆ, ಡಿಸ್ಟ್ರೋದ (ಉಬುಂಟುವಿನಂಥ ಲಿನಕ್ಸ್ ವಿತರಣೆಯ) ಪ್ಯಾಕೇಜ್ ಭಂಡಾರದಿಂದಲೇ ಬಂದ ತಂತ್ರಾಂಶ ಮತ್ತು ಅದರೊಡನೆ ಬರುವ ಹಂಚಿಕೆಯ ಲೈಬ್ರರಿ. ಕಾರಣಗಳಲ್ಲಿ ಎಲ್ಲಕ್ಕಿಂತ ತೂಕದ್ದು ಸುರಕ್ಷತೆ. 2018ರ ಮೇ ತಿಂಗಳಲ್ಲಿ ಕ್ವಾಲಿಸ್ ಎಂಬ ಭದ್ರತಾ ಸಂಸ್ಥೆಯವರು ಲಿಬ್‌ಪ್ರೊಕ್‌ಪಿಎಸ್‌ನ ಒಂದು ಫಂಕ್ಷನ್ನಿನಲ್ಲಿ ಪೂರ್ಣಾಂಕ ಉಕ್ಕುವ (ಸಂಖ್ಯೆ ತನ್ನ ಮಿತಿ ಮೀರಿ ಲೆಕ್ಕ ಕೆಡುವ) ದೋಷವಿರುವುದನ್ನು ಪ್ರಕಟಿಸಿದರು. ಅದರ ಗುರುತಿನ ಸಂಖ್ಯೆ ಸಿವಿಇ-2018-1124. ಸಾಮಾನ್ಯ ಬಳಕೆದಾರನೊಬ್ಬ ಬೇಕೆಂದೇ ವಿಚಿತ್ರವಾದ ಆಜ್ಞಾಸಾಲಿನೊಂದಿಗೆ ಒಂದು ಪ್ರೋಗ್ರಾಂ ಓಡಿಸಿಟ್ಟು ಕಾದಿದ್ದರೆ ಸಾಕಿತ್ತು. ನಿರ್ವಾಹಕನು ಪಿಗ್ರೆಪ್ ತರಹದ ಆಜ್ಞೆಯಿಂದ ಪ್ರೋಗ್ರಾಂಗಳ ಪಟ್ಟಿಯನ್ನು ನೋಡಿದ ಗಳಿಗೆಯಲ್ಲಿ ಆ ಬಳಕೆದಾರನ ಕೋಡ್ ನಿರ್ವಾಹಕನ ಅಧಿಕಾರದಲ್ಲಿ ಓಡುವ ಸಾಧ್ಯತೆಯಿತ್ತು. ನೋಡುವವನಿಗೇ ಬಲೆ ಹಾಕುವ ದೋಷವಿದು. ಹಲವು ವಿದ್ಯಾರ್ಥಿಗಳು ಒಂದೇ ಯಂತ್ರವನ್ನು ಸರದಿಯಲ್ಲಿ ಬಳಸುವ ಕೋಣೆಯಲ್ಲಿ, ನಿರ್ವಾಹಕನ ಖಾತೆಯಿಂದ ಅವರ ಪ್ರೋಗ್ರಾಂಗಳನ್ನು ನೋಡುವುದೇ ಕೆಲಸವಾಗಿರುವ ನನ್ನಂಥವನಿಗೆ ಇದು ದೂರದ ಸುದ್ದಿಯಲ್ಲ. 3.3.15 ಆವೃತ್ತಿಯಲ್ಲಿ ದೋಷ ಸರಿಯಾಯಿತು. ಹಂಚಿಕೆಯ ಕಡತವನ್ನು ಬಳಸುತ್ತಿದ್ದವರಿಗೆ ಆ ಒಂದು ಪ್ಯಾಕೇಜ್ ಹೊಸದಾದೊಡನೆ ಅದನ್ನು ಆಧರಿಸಿದ ತಂತ್ರಾಂಶಗಳೆಲ್ಲ ಸರಿಯಾದವು. ಅದೇ ಲೈಬ್ರರಿಯನ್ನು ತಮ್ಮೊಳಗೆ ಸೇರಿಸಿಕೊಂಡಿದ್ದ ತಂತ್ರಾಂಶಗಳನ್ನು ಮಾತ್ರ ಒಂದೊಂದಾಗಿ ಹುಡುಕಿ ಮರಳಿ ಕಟ್ಟಬೇಕಾಗಿತ್ತು.

ಇಲ್ಲಿ ಹಲವರು ಮರೆಯುವ ಒಂದು ಸಂಗತಿಯಿದೆ. ಡಿಸ್ಕಿನ ಮೇಲಿನ ಲೈಬ್ರರಿ ಹೊಸದಾದರೂ, ಆಗಲೇ ಓಡುತ್ತಿರುವ ಪ್ರೋಗ್ರಾಂ ಹಳೆಯದನ್ನೇ ಮೆಮೊರಿಯಲ್ಲಿ ಹಿಡಿದಿರುತ್ತದೆ. ನಿಗಾ ತಂತ್ರಾಂಶಗಳಂತೂ ಬೆಳಿಗ್ಗೆ ಲಾಗಿನ್ ಆದಾಗ ಶುರುವಾಗಿ ರಾತ್ರಿಯವರೆಗೂ ಓಡುತ್ತವೆ. ಯಂತ್ರವನ್ನು ಆರಿಸದೆ ಸ್ಲೀಪ್‌ಗೆ ಹಾಕುವ ಅಭ್ಯಾಸವಿದ್ದರೆ ವಾರಗಟ್ಟಲೆ ಓಡುತ್ತವೆ. ಆ ಪ್ರೋಗ್ರಾಂನ ಕ್ರಮಸಂಖ್ಯೆಯ ಹೆಸರಿನಲ್ಲಿ ಪ್ರೊಕ್‌ನಲ್ಲಿರುವ ಕೋಶದ ಮ್ಯಾಪ್ಸ್ ಕಡತವನ್ನು ತೆರೆದು, ಲೈಬ್ರರಿಯ ಹೆಸರಿನ ಮುಂದೆ ‘ಡಿಲೀಟೆಡ್’ ಎಂಬ ಪದವಿದೆಯೇ ಎಂದು ನೋಡಿದರೆ ವಿಷಯ ತಿಳಿಯುತ್ತದೆ. ಇದ್ದರೆ ಆ ಪ್ರೋಗ್ರಾಂ ಅನ್ನು ಮುಚ್ಚಿ ತೆರೆಯಬೇಕು.

ಮೆಮೊರಿಯ ಉಳಿತಾಯವೂ ಇದೆ, ಆದರೆ ಅದನ್ನು ಅಳೆಯುವಾಗ ಎಚ್ಚರ ಬೇಕು. ಹಂಚಿಕೆಯ ಲೈಬ್ರರಿಯ ಕೋಡ್ ಭಾಗ ಭೌತಿಕ ಮೆಮೊರಿಯಲ್ಲಿ ಒಂದೇ ಪ್ರತಿಯಾಗಿ ಇದ್ದು, ಅದನ್ನು ಬಳಸುವ ಪ್ರೋಗ್ರಾಂಗಳೆಲ್ಲ ಅದೇ ಪ್ರತಿಯನ್ನು ನೋಡುತ್ತವೆ. ಆರ್‌ಎಸ್‌ಎಸ್ ಎಂಬ ಅಂಕಿಯಲ್ಲಿ ಆ ಪ್ರತಿಯನ್ನು ಪ್ರತಿ ಪ್ರೋಗ್ರಾಂನ ಖಾತೆಗೂ ಪೂರ್ತಿಯಾಗಿ ಬರೆಯುತ್ತಾರೆ. ಪಿಎಸ್‌ಎಸ್ ಎಂಬ ಅಂಕಿಯಲ್ಲಿ ಪಾಲುದಾರರ ನಡುವೆ ಹಂಚಿ ಬರೆಯುತ್ತಾರೆ. ನಾಲ್ಕು ಜಿಬಿ ಮೆಮೊರಿಯ ಯಂತ್ರದಲ್ಲಿ ಯಾವ ತಂತ್ರಾಂಶ ಹಗುರ ಎಂದು ತೀರ್ಮಾನಿಸುವವರು ಪಿಎಸ್‌ಎಸ್ ನೋಡಿ ಹೋಲಿಸಬೇಕು, ಇಲ್ಲವಾದರೆ ಗ್ನೋಮ್ ಡೆಸ್ಕ್‌ಟಾಪಿನೊಡನೆ ಲೈಬ್ರರಿಗಳನ್ನು ಹಂಚಿಕೊಂಡಿರುವ ತಂತ್ರಾಂಶಕ್ಕೆ ಅನ್ಯಾಯವಾಗುತ್ತದೆ.

ಈ ದಾರಿಯ ತೊಂದರೆ ನಮ್ಮ ಫಲಕಕ್ಕೆ ಆದದ್ದೇ. ಲೈಬ್ರರಿಯ ಹೆಸರಿನ ಕೊನೆಯಲ್ಲಿರುವ ಸಂಖ್ಯೆ ಒಂದು ಒಪ್ಪಂದ. ಹಳೆಯ ತಂತ್ರಾಂಶಕ್ಕೆ ಹೊಂದದ ಬದಲಾವಣೆ ಮಾಡಿದಾಗ ಆ ಸಂಖ್ಯೆಯನ್ನು ಏರಿಸುತ್ತಾರೆ. ಉಬುಂಟು 18.04ರಲ್ಲಿ ಲಿಬ್‌ಸೆನ್ಸರ್ಸ್ 4 ಇತ್ತು, 20.04ರಲ್ಲಿ 5 ಆಯಿತು. 22.04ರಲ್ಲಿದ್ದ ಲಿಬ್‌ಪ್ರೊಕ್‌ಪಿಎಸ್ 8, 24.04ರ ಹೊತ್ತಿಗೆ ಲಿಬ್‌ಪ್ರೊಕ್2 ಆಗಿ ಹೆಸರನ್ನೇ ಬದಲಿಸಿಕೊಂಡಿತು. ಲಿಬ್‌ಜಿಟಾಪ್ ಮಾತ್ರ ಈ ಅವಧಿಯಲ್ಲಿ 11ರಲ್ಲೇ ನಿಂತಿದೆ. ಭಂಡಾರದಿಂದ ಬಂದ ತಂತ್ರಾಂಶಗಳನ್ನು ಡಿಸ್ಟ್ರೋದವರೇ ಹೊಸ ಲೈಬ್ರರಿಗೆ ಹೊಂದಿಸಿ ಕಟ್ಟಿಕೊಡುವುದರಿಂದ ನಮಗೆ ಏನೂ ತಿಳಿಯದು. ತಾವೇ ಕಟ್ಟಿಕೊಂಡದ್ದನ್ನು, ಅಥವಾ ಬೇರೆಡೆಯಿಂದ ತಂದ ಡೆಬ್ ಎಂಬ ಪ್ಯಾಕೇಜ್ ಕಡತವನ್ನು ಬಳಸುವವರಿಗೆ ಮಾತ್ರ ಪೆಟ್ಟು ಬೀಳುತ್ತದೆ.

ಒಂದು ಪೆಟ್ಟು ಸದ್ದಿಲ್ಲದೆ ಬೀಳುತ್ತದೆ, ಅದನ್ನೂ ಹೇಳಬೇಕು. 22.04ರ ಫ್ರೀ ಆಜ್ಞೆಯು ಬಳಕೆಯಾದ ಮೆಮೊರಿಯನ್ನು ಒಟ್ಟಿನಿಂದ ಖಾಲಿ, ಬಫರ್ ಮತ್ತು ಕ್ಯಾಶೆ ಮೂರನ್ನೂ ಕಳೆದು ಲೆಕ್ಕ ಹಾಕುತ್ತಿತ್ತು. 24.04ರಲ್ಲಿರುವುದು ಒಟ್ಟಿನಿಂದ ಲಭ್ಯ ಮೆಮೊರಿಯನ್ನು ಕಳೆಯುವ ಲೆಕ್ಕ. ಯಂತ್ರ ಅದೇ, ಕೆಲಸ ಅದೇ, ಆದರೆ ಅಂಕಿ ಬೇರೆ. ಏರಿಸಿದ ವಾರ ನಮ್ಮ ನೋಟ್‌ಬುಕ್ಕಿನಲ್ಲಿ ಮೆಮೊರಿಯ ಬಳಕೆ ಹೆಚ್ಚಿದಂತೆ ಕಂಡು, ಯಾವ ಪ್ರೋಗ್ರಾಂ ಸೋರುತ್ತಿದೆ ಎಂದು ಎರಡು ದಿನ ಹುಡುಕಿದ್ದೇವೆ. ಸೋರಿದ್ದು ಏನೂ ಇರಲಿಲ್ಲ. ಹಳೆಯ ದಾಖಲೆಯೊಡನೆ ಹೋಲಿಸಿ ನೋಡುವ ಅಭ್ಯಾಸವಿರುವವರು ಲೈಬ್ರರಿಯ ಆವೃತ್ತಿಯನ್ನೂ ಅಂಕಿಯ ಪಕ್ಕದಲ್ಲಿ ಬರೆದಿಟ್ಟುಕೊಳ್ಳಬೇಕು.

ಲೈಬ್ರರಿಯ ಹಂಗಿಲ್ಲದೆ ನೇರವಾಗಿ ಓದುವವು

ಎಚ್‌ಟಾಪ್, ಜಿಕೆರೆಲ್‌ಎಂ, ಎಕ್ಸ್‌ಎಫ್‌ಸಿಇಯ ಟಾಸ್ಕ್ ಮ್ಯಾನೇಜರ್ ಮೊದಲಾದವು ಲಿನಕ್ಸ್‌ನಲ್ಲಿ ಪ್ರೊಕ್ ಕಡತಗಳನ್ನು ತಾವೇ ಓದಿಕೊಳ್ಳುತ್ತವೆ. ಇವುಗಳಿಗೆ ಲಿಬ್‌ಪ್ರೊಕ್‌ಪಿಎಸ್ ಹೋಯಿತೆಂಬ ಚಿಂತೆಯಿಲ್ಲ. ಬಳಕೆದಾರರ ತಂತ್ರಾಂಶ ಮುರಿಯುವಂಥ ಬದಲಾವಣೆಯನ್ನು ಕರ್ನಲ್ಲಿನಲ್ಲಿ ಮಾಡಬಾರದೆಂದು ಲಿನಕ್ಸ್‌ನ ಕರ್ತೃ ಲಿನಸ್ ಟೊರ್ವಾಲ್ಡ್ಸ್ ಬಹುಕಾಲದಿಂದ ಪಟ್ಟುಹಿಡಿದಿರುವುದರಿಂದ, ಪ್ರೊಕ್‌ನ ಹಳೆಯ ಸಾಲುಗಳು ಇದ್ದಂತೆಯೇ ಇರುತ್ತವೆ, ಹೊಸವು ಸೇರಿಕೊಳ್ಳುತ್ತವೆ. ಆ ದೃಷ್ಟಿಯಿಂದ ಕರ್ನಲ್ಲಿನ ಮಾತು ಯಾವ ಲೈಬ್ರರಿಯ ಮಾತಿಗಿಂತಲೂ ಗಟ್ಟಿ. ಪ್ರೊಸೆಸರ್ ಮತ್ತು ಮೆಮೊರಿಯ ಮಟ್ಟಿಗೆ ಈ ದಾರಿಯನ್ನು ನಾನು ಧೈರ್ಯವಾಗಿ ಹೇಳುತ್ತೇನೆ.

ಉಷ್ಣಾಂಶದ ಮಟ್ಟಿಗೆ ಹೇಳಲಾರೆ. ಎಚ್‌ಡಬ್ಲ್ಯೂಮಾನ್ ಕೋಶಗಳ ಸಂಖ್ಯೆ ಡ್ರೈವರುಗಳು ಎದ್ದ ಸರದಿಯನ್ನು ಅನುಸರಿಸುತ್ತದೆ. ಇವತ್ತು ಪ್ರೊಸೆಸರಿನ ಸೆನ್ಸರ್ ಎರಡನೆಯ ಕೋಶದಲ್ಲಿದ್ದರೆ ಮುಂದಿನ ರೀಬೂಟಿನ ನಂತರ ಮೂರನೆಯದರಲ್ಲಿ ಇರಬಹುದು. ಕೋಶದ ದಾರಿಯನ್ನೇ ನೇರವಾಗಿ ಬರೆದಿಟ್ಟುಕೊಂಡ ಒಂದು ಸಂರಚನೆ (ಕಾಂಕಿ ಎಂಬ ನಿಗಾ ತಂತ್ರಾಂಶದ್ದು) ನಮ್ಮಲ್ಲಿ ಹಲವು ದಿನ ಡಿಸ್ಕಿನ ಉಷ್ಣಾಂಶವನ್ನೇ ಪ್ರೊಸೆಸರಿನದೆಂದು ತೋರಿಸುತ್ತಿತ್ತು. 38 ಡಿಗ್ರಿ ಎಂದು ಹಸಿರು ಬಣ್ಣದಲ್ಲಿ ಕಾಣುತ್ತಿದ್ದ ಯಂತ್ರದ ಪಕ್ಕದ ಜಾಲರಿಯ ಮೇಲೆ ಕೈಯಿಟ್ಟರೆ ಸುಡುತ್ತಿತ್ತು. ಲಿಬ್‌ಸೆನ್ಸರ್ಸ್ ಈ ಗೊಂದಲವನ್ನು ತಪ್ಪಿಸುತ್ತದೆ. ಅದು ಸೆನ್ಸರನ್ನು ಕೋಶದ ಸಂಖ್ಯೆಯಿಂದ ಗುರುತಿಸದೆ ಚಿಪ್ಪಿನ ಹೆಸರಿನಿಂದ ಗುರುತಿಸುತ್ತದೆ: ಇಂಟೆಲ್ ಪ್ರೊಸೆಸರಾದರೆ ಕೋರ್‌ಟೆಂಪ್, ಎಎಂಡಿಯಾದರೆ ಕೆ10ಟೆಂಪ್. ಮದರ್‌ಬೋರ್ಡಿನ ಚಿಪ್ಪು ಕೊಡುವ ಹಸಿ ಅಂಕಿಗಳಿಗೆ ಸರಿಯಾದ ಹೆಸರು, ಗುಣಕ ಹಚ್ಚುವ ಸಂರಚನಾ ಕಡತವೂ ಅದರ ಜೊತೆಗಿರುತ್ತದೆ. ಸೆನ್ಸರುಗಳ ವಿಷಯದಲ್ಲಿ ಲೈಬ್ರರಿಯನ್ನು ಬಿಡುವುದು ಲಾಭವಿಲ್ಲದ ಸ್ವಾವಲಂಬನೆ.

ಎಚ್‌ಟಾಪ್‌ನವರು ಹಿಡಿದ ಮಧ್ಯದ ದಾರಿ ನನಗೆ ತುಂಬ ಮೆಚ್ಚುಗೆಯಾದದ್ದು. ಅದು ಪ್ರೊಕ್ ಅನ್ನು ನೇರವಾಗಿ ಓದುತ್ತದೆ. ಲಿಬ್‌ಸೆನ್ಸರ್ಸ್ ಅನ್ನು ಮಾತ್ರ ಓಡುವ ಹೊತ್ತಿನಲ್ಲಿ ಹುಡುಕುತ್ತದೆ, 5 ಸಿಗದಿದ್ದರೆ 4 ಇದೆಯೇ ಎಂದು ನೋಡುತ್ತದೆ. ಎರಡೂ ಇಲ್ಲವಾದರೆ ಉಷ್ಣಾಂಶದ ಅಂಕಣ ಖಾಲಿ ಉಳಿಯುತ್ತದೆ, ಉಳಿದದ್ದೆಲ್ಲ ನಡೆಯುತ್ತದೆ. ಒಂದು ಲೈಬ್ರರಿ ಕಾಣೆಯಾದ ಮಾತ್ರಕ್ಕೆ ಇಡೀ ಫಲಕ ಮಾಯವಾಗುವ ಸ್ಥಿತಿಯನ್ನು ಕಂಡವರಿಗೆ ಇದರ ಬೆಲೆ ಗೊತ್ತು. ಗಮನಿಸಬೇಕಾದ ಒಂದು ಮಾತೆಂದರೆ, ಹೀಗೆ ನಡುವೆ ಕರೆತರುವ ಲೈಬ್ರರಿಗಳ ಹೆಸರು ಅವಲಂಬನೆಯ ಪಟ್ಟಿಯಲ್ಲಿ ಕಾಣುವುದಿಲ್ಲ. ಉಷ್ಣಾಂಶ ಕಾಣದಿದ್ದರೆ ಲಿಬ್‌ಸೆನ್ಸರ್ಸ್ ಪ್ಯಾಕೇಜ್ ಇದೆಯೇ ಎಂದು ನಾವೇ ನೋಡಬೇಕು.

ಪೈಥಾನ್ ಬಳಸುವವರ ಗ್ಲಾನ್ಸಸ್, ಬಿಪೈಟಾಪ್ ಇತ್ಯಾದಿಗಳು ಪಿಎಸ್‌ಯುಟಿಲ್ ಎಂಬ ಮಾಡ್ಯೂಲಿನ ಮೇಲೆ ನಿಂತಿವೆ. ಅದರೊಳಗೂ ಒಂದು ಎಸ್‌ಒ ಕಡತವಿದೆ, ಆದರೆ ಅದು ಸಿ ಲೈಬ್ರರಿಯ ಹೊರತು ಬೇರೇನನ್ನೂ ಹೆಚ್ಚಾಗಿ ಕೇಳುವುದಿಲ್ಲ. ಇಲ್ಲಿ ತೊಡಕು ಬರುವುದು ಪೈಥಾನ್ ಆವೃತ್ತಿಯಿಂದ. 22.04ರಲ್ಲಿ 3.10 ಇದ್ದದ್ದು 24.04ರಲ್ಲಿ 3.12 ಆಗಿರುವುದರಿಂದ ಹಳೆಯ ವರ್ಚುವಲ್ ಪರಿಸರವನ್ನು ಅಳಿಸಿ ಹೊಸದಾಗಿ ಕಟ್ಟಬೇಕು. ವ್ಯವಸ್ಥೆಯ ಪೈಥಾನಿಗೆ ಪಿಪ್ ಎಂಬ ಮಾಡ್ಯೂಲ್ ಹಾಕುವ ಸಾಧನದಿಂದ ನೇರವಾಗಿ ಹಾಕಲು ಹೋದರೆ ಈಗಿನ ಉಬುಂಟು ತಡೆಯುತ್ತದೆ. ಆ ತಡೆಯನ್ನು ಮೀರದಿರುವುದೇ ಕ್ಷೇಮ.

ಎಲ್ಲವನ್ನೂ ಒಳಗೇ ಕಟ್ಟಿಕೊಂಡ ಸ್ಟ್ಯಾಟಿಕ್ ಕಡತಗಳು

ಬಿಟಾಪ್‌ನಂಥ ಕೆಲವು ತಂತ್ರಾಂಶಗಳು ಮಸಲ್ ಎಂಬ ಪುಟ್ಟ ಸಿ ಲೈಬ್ರರಿಯನ್ನು ಒಳಗೇ ಸೇರಿಸಿಕೊಂಡು, ಹೊರಗಿನ ಯಾವ ಎಸ್‌ಒ ಕಡತವನ್ನೂ ಕೇಳದ ಒಂದೇ ಕಡತವಾಗಿ ಸಿಗುತ್ತವೆ. ಪೆನ್ ಡ್ರೈವ್‌ನಲ್ಲಿ ಹಾಕಿಕೊಂಡು ಹೋಗಲು ಇದಕ್ಕಿಂತ ಒಳ್ಳೆಯದಿಲ್ಲ. ಗ್ರಾಹಕರ ಅಂಗಡಿಯಲ್ಲಿ ಯಾವ ಕಾಲದ ಲಿನಕ್ಸ್ ಇದೆಯೋ ತಿಳಿಯದು, ಜಿಲಿಬ್‌ಸಿ (ಲಿನಕ್ಸ್‌ನ ಸಾಮಾನ್ಯ ಸಿ ಲೈಬ್ರರಿ) 2.35 ಇರುವ ಉಬುಂಟು 22.04ರಲ್ಲಿ ಕಟ್ಟಿದ ಸಾಮಾನ್ಯ ತಂತ್ರಾಂಶವನ್ನು 2.31 ಇರುವ 20.04ರಲ್ಲಿ ಓಡಿಸಿದರೆ ಜಿಲಿಬ್‌ಸಿ 2.34 ಸಿಗಲಿಲ್ಲ ಎಂಬ ದೂರಿನೊಡನೆ ನಿಲ್ಲುವುದು ಸಾಮಾನ್ಯ. ಸ್ಟ್ಯಾಟಿಕ್ ಕಡತಕ್ಕೆ ಆ ತಾಪತ್ರಯವಿಲ್ಲ. ವ್ಯವಸ್ಥೆಯ ಲೈಬ್ರರಿಗಳೇ ಕೆಟ್ಟಿರುವಾಗಲೂ ಅದು ಏಳುತ್ತದೆ.

ಎರಡು ಮಿತಿಗಳನ್ನು ಒಪ್ಪಿಕೊಂಡೇ ಅದನ್ನು ಬಳಸಬೇಕು. ಹಾಗೆ ಮಸಲ್‌ನೊಡನೆ ಪೂರ್ತಿ ಸ್ಟ್ಯಾಟಿಕ್ ಆಗಿ ಕಟ್ಟಿದ ತಂತ್ರಾಂಶ ಓಡುವ ಹೊತ್ತಿನಲ್ಲಿ ಬೇರೆ ಎಸ್‌ಒ ಕಡತವನ್ನು ಕರೆತರಲಾರದು, ಆದ್ದರಿಂದ ಗ್ರಾಫಿಕ್ಸ್ ಕಾರ್ಡಿನ ತಯಾರಕರು ಕೊಡುವ ಲೈಬ್ರರಿಯ ಮೂಲಕ ಸಿಗುವ ಅಂಕಿಗಳು ಅದಕ್ಕೆ ಎಟುಕುವುದಿಲ್ಲ. ಇನ್ನೊಂದು, ಅದರೊಳಗಿನ ಲೈಬ್ರರಿಯಲ್ಲಿ ದೋಷ ಕಂಡರೆ ಡಿಸ್ಟ್ರೋದ ಅಪ್‌ಡೇಟ್ ಅದನ್ನು ಮುಟ್ಟುವುದಿಲ್ಲ. ಹೊಸ ಕಡತವನ್ನು ತಂದು ಹಾಕುವ ಹೊಣೆ ಪೂರ್ತಿ ನಮ್ಮದು. ಒಂದು ಪೆನ್ ಡ್ರೈವ್ ಇರುವವನಿಗೆ ಇದು ಸಣ್ಣ ಕೆಲಸ, 22 ಯಂತ್ರಗಳಿರುವವನಿಗೆ ಮರೆತುಹೋಗುವ ಕೆಲಸ. ಲೈಬ್ರರಿಗಳನ್ನು ಜೊತೆಗೇ ಹೊತ್ತು ಬರುವ ಆ್ಯಪ್‌ಇಮೇಜ್ ಕಡತಗಳಿಗೂ ಈ ಎರಡನೆಯ ಮಾತು ಹಾಗೆಯೇ ಅನ್ವಯಿಸುತ್ತದೆ.

ಸ್ನ್ಯಾಪ್ ಮತ್ತು ಫ್ಲ್ಯಾಟ್‌ಪ್ಯಾಕ್

ಉಬುಂಟು 18.04ರಲ್ಲಿ ಗ್ನೋಮ್ ಸಿಸ್ಟಮ್ ಮಾನಿಟರನ್ನು ಸ್ನ್ಯಾಪ್ ಎಂಬ, ಲೈಬ್ರರಿಗಳನ್ನು ಜೊತೆಗೇ ಕಟ್ಟಿಕೊಂಡ ಪ್ಯಾಕೇಜಿನ ರೂಪದಲ್ಲಿಯೇ ಕೂಡಿಸಿ ಕೊಟ್ಟಿದ್ದರು. ಯಂತ್ರ ತಡವರಿಸುತ್ತಿದೆ, ಯಾಕೆಂದು ನೋಡೋಣ ಎಂದು ಕ್ಲಿಕ್ ಮಾಡಿದರೆ ಆ ಕಿಟಕಿ ತೆರೆದುಕೊಳ್ಳಲೇ ತಡವಾಗುತ್ತಿತ್ತು. ಹಳೆಯ ಹಾರ್ಡ್ ಡಿಸ್ಕಿನ ಯಂತ್ರಗಳಲ್ಲಂತೂ ಅಷ್ಟರಲ್ಲಿ ತೊಂದರೆ ಕೊಡುತ್ತಿದ್ದ ಪ್ರೋಗ್ರಾಂ ತನ್ನ ಕೆಲಸ ಮುಗಿಸಿಕೊಂಡಿರುತ್ತಿತ್ತು. 20.04ರಲ್ಲಿ ಮತ್ತೆ ಸಾಮಾನ್ಯ ಪ್ಯಾಕೇಜಿಗೆ ಮರಳಿದರು. ತುರ್ತಿಗೆ ಬೇಕಾದ ಸಾಧನ ಕೂಡಲೇ ತೆರೆಯಬೇಕು ಎಂಬುದು ನಿಗಾ ತಂತ್ರಾಂಶದ ಮಟ್ಟಿಗೆ ಸಣ್ಣ ಬೇಡಿಕೆಯಲ್ಲ.

ಫ್ಲ್ಯಾಟ್‌ಪ್ಯಾಕ್ ಎಂಬ ಇನ್ನೊಂದು ಪ್ಯಾಕೇಜ್ ರೂಪದಲ್ಲಿ ಲೈಬ್ರರಿಗಳು ರನ್‌ಟೈಮ್ ಎಂಬ ಪ್ರತ್ಯೇಕ ಕಟ್ಟಿನಲ್ಲಿ ಬರುತ್ತವೆ. ಡಿಸ್ಟ್ರೋ ಯಾವುದೇ ಇರಲಿ, ತಂತ್ರಾಂಶಕ್ಕೆ ತಾನು ಬಯಸಿದ ಆವೃತ್ತಿಯೇ ಸಿಗುತ್ತದೆ. ರನ್‌ಟೈಮ್ ಹೊಸದಾಗಿಡುವವರೂ ಬೇರೆ ಇದ್ದಾರೆ, ಹಾಗಾಗಿ ಹೊಣೆಯ ಪ್ರಶ್ನೆಗೆ ಉತ್ತರವಿದೆ. ಬೆಲೆಯೆಂದರೆ ಡಿಸ್ಕಿನಲ್ಲಿ ನೂರಾರು ಎಂಬಿ ಜಾಗ. ಇನ್ನೊಂದು ತೊಡಕು ನಿಗಾ ತಂತ್ರಾಂಶಕ್ಕೇ ವಿಶೇಷವಾದದ್ದು: ಫ್ಲ್ಯಾಟ್‌ಪ್ಯಾಕ್ ತನ್ನೊಳಗಿನ ತಂತ್ರಾಂಶವನ್ನು ಪ್ರತ್ಯೇಕ ಆವರಣದಲ್ಲಿ ಇರಿಸುವುದರಿಂದ ಹೊರಗಿನ ಪ್ರೋಗ್ರಾಂಗಳು ಅದಕ್ಕೆ ಕಾಣುವುದೇ ಇಲ್ಲ. ಮಿಷನ್ ಸೆಂಟರ್, ರಿಸೋರ್ಸಸ್ ಎಂಬ ಹೊಸ ತಂತ್ರಾಂಶಗಳು ಇದನ್ನು ದಾಟಲು ಆವರಣದ ಹೊರಗೆ ಒಂದು ಸಹಾಯಕ ಪ್ರೋಗ್ರಾಂ ಓಡಿಸಿ ಅದರಿಂದ ಮಾಹಿತಿ ತರಿಸಿಕೊಳ್ಳುತ್ತವೆ. ಅಂದರೆ ಆವರಣದ ರಕ್ಷಣೆ ಇಲ್ಲಿ ಹೆಸರಿಗಷ್ಟೇ. ಅವು ನೋಡಲು ಸೊಗಸಾಗಿವೆ, ಗ್ರಾಫಿಕ್ಸ್ ಕಾರ್ಡನ್ನೂ ತೋರಿಸುತ್ತವೆ. ಎಸ್‌ಎಸ್‌ಡಿ ಇರುವ, ಮನೆಯ ಒಬ್ಬರೇ ಬಳಸುವ ಯಂತ್ರಕ್ಕೆ ಧಾರಾಳವಾಗಿ ಹಾಕಿಕೊಳ್ಳಬಹುದು.

ಎನ್‌ವಿಡಿಯಾ ಇರುವ ಯಂತ್ರಗಳು

ನಮ್ಮಲ್ಲಿ ವಿಡಿಯೊ ಸಂಕಲನ ಕಲಿಸುವ ಎರಡು ಯಂತ್ರಗಳಿಗೆ ಎನ್‌ವಿಡಿಯಾ ಗ್ರಾಫಿಕ್ಸ್ ಕಾರ್ಡ್ ಇದೆ. ಅವುಗಳ ಅಂಕಿಗಳು ಬರುವುದು ಲಿಬ್‌ಎನ್‌ವಿಡಿಯಾ-ಎಂಎಲ್ ಎಂಬ ಕಡತದಿಂದ. ಅದು ಡ್ರೈವರಿನ ಭಾಗವಾಗಿಯೇ ಬರುತ್ತದೆ. ಬೆಳಗಿನ ಸ್ವಯಂಚಾಲಿತ ಅಪ್‌ಡೇಟ್ ಡ್ರೈವರನ್ನು ಹೊಸದು ಮಾಡಿದರೆ ಡಿಸ್ಕಿನ ಮೇಲಿನ ಲೈಬ್ರರಿ ಹೊಸದಾಗುತ್ತದೆ, ಕರ್ನಲ್ಲಿನಲ್ಲಿ ಕುಳಿತ ಮಾಡ್ಯೂಲ್ ಹಳೆಯದೇ ಇರುತ್ತದೆ. ಆಗ ಎನ್‌ವಿಟಾಪ್ ತೆರೆದರೂ, ಎನ್‌ವಿಡಿಯಾ-ಎಸ್‌ಎಂಐ ಓಡಿಸಿದರೂ ಡ್ರೈವರ್ ಮತ್ತು ಲೈಬ್ರರಿಯ ಆವೃತ್ತಿಗಳು ಹೊಂದುತ್ತಿಲ್ಲ ಎಂಬ ದೂರು ಬರುತ್ತದೆ. ಕಾರ್ಡ್ ಕೆಟ್ಟಿತೆಂದು ಹೆದರಿ ಎಸ್.ಪಿ. ರಸ್ತೆಗೆ ಹೊತ್ತುಕೊಂಡು ಹೋದವರನ್ನು ಕಂಡಿದ್ದೇನೆ. ಒಮ್ಮೆ ರೀಬೂಟ್ ಮಾಡಿದರೆ ಸಾಕು. ಈ ಲೈಬ್ರರಿಯನ್ನು ಮಾತ್ರ ಯಾವ ತಂತ್ರಾಂಶವೂ ತನ್ನೊಳಗೆ ಕಟ್ಟಿಕೊಳ್ಳಬಾರದು, ಡ್ರೈವರಿನೊಡನೆ ಬಂದದ್ದನ್ನೇ ಬಳಸಬೇಕು.

ವಿಂಡೋಸ್‌ನ ಡಿಎಲ್‌ಎಲ್ ಕಡತಗಳು

ವಿಂಡೋಸ್‌ನಲ್ಲಿ ಪ್ರೊಸೆಸರ್, ಮೆಮೊರಿ, ಡಿಸ್ಕಿನ ಬಳಕೆಯನ್ನಷ್ಟೇ ನೋಡುವವರಿಗೆ ವ್ಯವಸ್ಥೆಯೊಡನೆ ಬರುವ ಪಿಡಿಎಚ್.ಡಿಎಲ್‌ಎಲ್ ಆಧರಿಸಿದ ತಂತ್ರಾಂಶ ಸಾಕು. ಅದನ್ನು ಹೊಸದಾಗಿಡುವವರು ಮೈಕ್ರೋಸಾಫ್ಟ್‌ನವರೇ. ಉಷ್ಣಾಂಶ, ಫ್ಯಾನ್ ವೇಗ ಬೇಕೆಂದರೆ ವಿಷಯ ಗಂಭೀರವಾಗುತ್ತದೆ. ಇವನ್ನು ಓದಲು ಹಾರ್ಡ್‌ವೇರಿನ ಹತ್ತಿರಕ್ಕೆ ಹೋಗಬೇಕು, ಅದಕ್ಕೆ ಕರ್ನಲ್ ಡ್ರೈವರ್ ಬೇಕು. ಲಿಬ್ರೆ ಹಾರ್ಡ್‌ವೇರ್ ಮಾನಿಟರ್ ಯೋಜನೆಯ ಡಿಎಲ್‌ಎಲ್ ಅನ್ನು ಬೇರೆ ಹಲವು ತಂತ್ರಾಂಶಗಳೂ ಬಳಸುತ್ತವೆ; ಅದರ ಹಿಂದೆ ಬಹುಕಾಲ ಇದ್ದದ್ದು ವಿನ್‌ರಿಂಗ್0 ಎಂಬ ಡ್ರೈವರ್. ಭೌತಿಕ ಮೆಮೊರಿಯನ್ನೂ ಪ್ರೊಸೆಸರಿನ ರಿಜಿಸ್ಟರುಗಳನ್ನೂ ಸಾಮಾನ್ಯ ಪ್ರೋಗ್ರಾಂಗಳಿಗೆ ತೆರೆದಿಡುತ್ತಿದ್ದ ಅದರ ಅಪಾಯ ಸಿವಿಇ-2020-14979 ಎಂಬ ಗುರುತಿನಲ್ಲಿ 2020ರಲ್ಲೇ ದಾಖಲಾಗಿತ್ತು. 2025ರ ಮಾರ್ಚ್‌ನಲ್ಲಿ ಮೈಕ್ರೋಸಾಫ್ಟ್ ಡಿಫೆಂಡರ್ ಆ ಡ್ರೈವರನ್ನು ಅಪಾಯಕಾರಿಯೆಂದು ಹಿಡಿದು ಬದಿಗಿಡತೊಡಗಿತು, ಫ್ಯಾನ್ ನಿಯಂತ್ರಿಸುವ ಎಷ್ಟೋ ತಂತ್ರಾಂಶಗಳು ಒಮ್ಮೆಲೇ ನಿಂತವು.

ಆಗ ಬಹಳ ಜನ ಮಾಡಿದ್ದು ಡಿಫೆಂಡರಿನಲ್ಲಿ ವಿನಾಯಿತಿ ಕೊಡುವುದನ್ನು. ಅದು ತಪ್ಪು. ಡಿಫೆಂಡರ್ ಇಲ್ಲಿ ಹೆದರಿಸುತ್ತಿರಲಿಲ್ಲ, ಇದ್ದದ್ದನ್ನೇ ಹೇಳುತ್ತಿತ್ತು. ವಿನ್‌ರಿಂಗ್0 ಬಿಟ್ಟು ಬೇರೆ ಡ್ರೈವರಿಗೆ ಹೊರಳಿದ ಹೊಸ ಆವೃತ್ತಿಗೆ ಏರುವುದು, ಅಂಥದ್ದು ಸಿಗದಿದ್ದರೆ ಆ ತಂತ್ರಾಂಶವನ್ನು ತೆಗೆಯುವುದು ಸರಿಯಾದ ದಾರಿ. ನಮ್ಮ ನಾಲ್ಕು ವಿಂಡೋಸ್ ಯಂತ್ರಗಳಲ್ಲಿ ಶುಲ್ಕದ ಲೆಕ್ಕವಿರುವ ಒಂದರಿಂದ ಉಷ್ಣಾಂಶ ತೋರಿಸುವ ತಂತ್ರಾಂಶವನ್ನೇ ತೆಗೆದೆವು. ಅದರ ಫ್ಯಾನನ್ನು ತಿಂಗಳಿಗೊಮ್ಮೆ ಬ್ರಷ್‌ನಿಂದ ಒರೆಸುತ್ತೇವೆ.

ಯಾವುದೋ ಡಿಎಲ್‌ಎಲ್ ಸಿಗುತ್ತಿಲ್ಲ ಎಂಬ ಸಂದೇಶ ಕಂಡಾಗ ಅಂತರ್ಜಾಲದಲ್ಲಿ ಹುಡುಕಿ, ಬಿಡಿ ಡಿಎಲ್‌ಎಲ್ ಕೊಡುವ ತಾಣದಿಂದ ತಂದು ತಂತ್ರಾಂಶದ ಕೋಶದಲ್ಲಿ ಹಾಕುವ ರೂಢಿ ನಮ್ಮ ಊರಿನ ರಿಪೇರಿ ಅಂಗಡಿಗಳಲ್ಲಿ ಇನ್ನೂ ಇದೆ. ವಿಂಡೋಸ್ ಹೆಚ್ಚಿನ ಡಿಎಲ್‌ಎಲ್‌ಗಳನ್ನು ವ್ಯವಸ್ಥೆಯ ಕೋಶಕ್ಕಿಂತ ಮೊದಲು ತಂತ್ರಾಂಶದ ಸ್ವಂತ ಕೋಶದಲ್ಲಿ ಹುಡುಕುತ್ತದೆ. ಅಲ್ಲಿ ಇಟ್ಟದ್ದೇ ಮೊದಲು ಓಡುತ್ತದೆ, ಅದೂ ಆ ತಂತ್ರಾಂಶದ ಅಧಿಕಾರದಲ್ಲಿ. ನಿಗಾ ತಂತ್ರಾಂಶಗಳು ಅನೇಕ ಸಲ ನಿರ್ವಾಹಕ ಅಧಿಕಾರದಲ್ಲಿ ಓಡುವುದರಿಂದ ಅಪಾಯ ಇನ್ನೂ ಹೆಚ್ಚು. ತಂತ್ರಾಂಶವನ್ನು ಪೂರ್ತಿ ತೆಗೆದು ಮೂಲ ಸ್ಥಳದಿಂದ ಮತ್ತೆ ಹಾಕಿಕೊಳ್ಳುವುದೊಂದೇ ಇದಕ್ಕೆ ಪರಿಹಾರ.

ಏರಿಸುವ ಮುನ್ನ

ಲಿನಕ್ಸ್‌ನಲ್ಲಿ ಯಾವ ತಂತ್ರಾಂಶ ಯಾವ ಲೈಬ್ರರಿಯನ್ನು ಕೇಳುತ್ತದೆ ಎಂದು ನೋಡಲು ಎಲ್‌ಡಿಡಿ ಆಜ್ಞೆ ಎಲ್ಲರಿಗೂ ಗೊತ್ತಿರುವುದು. ಗುರುತಿಲ್ಲದ ಕಡೆಯಿಂದ ಬಂದ ಕಡತದ ಮೇಲೆ ಅದನ್ನು ಬಳಸಬೇಡಿ, ಕೆಲವು ಸಂದರ್ಭಗಳಲ್ಲಿ ಅದು ಆ ಕಡತವನ್ನು ಓಡಿಸಿಬಿಡುತ್ತದೆ. ರೀಡ್‌ಎಲ್ಫ್ ಆಜ್ಞೆಗೆ ಮೈನಸ್ ಡಿ ಆಯ್ಕೆ ಕೊಟ್ಟು, ‘ನೀಡೆಡ್’ ಎಂದಿರುವ ಸಾಲುಗಳನ್ನು ನೋಡಿದರೆ ಅದೇ ಮಾಹಿತಿ ಅಪಾಯವಿಲ್ಲದೆ ಸಿಗುತ್ತದೆ. ಭಂಡಾರದಿಂದ ಬಾರದ ಪ್ರತಿ ನಿಗಾ ತಂತ್ರಾಂಶಕ್ಕೂ ಆ ಸಾಲುಗಳನ್ನು ಬರೆದಿಟ್ಟುಕೊಂಡು, ಏರಬೇಕಾದ ಆವೃತ್ತಿಯಲ್ಲಿ ಅದೇ ಸಂಖ್ಯೆಯ ಲೈಬ್ರರಿ ಇದೆಯೇ ಎಂದು ಡಿಸ್ಟ್ರೋದ ಪ್ಯಾಕೇಜ್ ಪಟ್ಟಿಯಲ್ಲಿ ಮೊದಲೇ ನೋಡಿಕೊಳ್ಳಬಹುದು.

ನಮ್ಮ ವಿದ್ಯಾರ್ಥಿಯ ಫಲಕವನ್ನು ಕೊನೆಗೆ ಬಿಡಲಿಲ್ಲ. ಮೆಮೊರಿ ಮತ್ತು ಪ್ರೊಸೆಸರಿನ ಭಾಗ ಈಗ ಪ್ರೊಕ್ ಕಡತಗಳನ್ನು ನೇರವಾಗಿ ಓದುತ್ತದೆ, ಉಷ್ಣಾಂಶಕ್ಕೆ ಲಿಬ್‌ಸೆನ್ಸರ್ಸ್ ಇದ್ದರೆ ಬಳಸುತ್ತದೆ, ಇಲ್ಲದಿದ್ದರೆ ಆ ಜಾಗದಲ್ಲಿ ಒಂದು ಅಡ್ಡಗೆರೆ ತೋರಿಸಿ ಮುಂದೆ ಹೋಗುತ್ತದೆ. ಲಿಂಕ್ ಹಾಕೋಣವೆಂದಿದ್ದ ಹುಡುಗನೇ ಕುಳಿತು ಅದನ್ನು ಬರೆದ.